ಎರಡು ಹೊಳೆ, ನಾಲ್ಕು ತಾಲ್ಲೂಕು, ನಾಲ್ಕು ರಾಜ್ಯ

ನೆರೆಹೊರೆಯ ರಾಜ್ಯಗಳು ಕಾನೂನಿನ ಕಟ್ಟಿನೊಳಗೆ ಕೂಡಿ ಬಾಳುವುದು ಹೇಗೆ ಎನ್ನುವುದು ಇಂದಿನ ಮಾತಿನ ವಿಷಯ. ಇದು ದಿಲ್ಲಿಯವರ, ವಕೀಲರ ಸಂಗತಿ, ನಮಗೇನು ಎಂದು ಕೆಲವರಿಗೆ ಅನ್ನಿಸಬಹುದು. ವಿಜಯಪುರ ಜಿಲ್ಲೆಯ ನಕಾಶೆಯನ್ನು ಎದುರಿಗಿಟ್ಟುಕೊಂಡು ನೋಡಿ. ಇಂಡಿ, ಸಿಂದಗಿಯ ಮಗ್ಗುಲಿಗೆ ಭೀಮೆ. ಬಸವನ ಬಾಗೇವಾಡಿ, ಮುದ್ದೇಬಿಹಾಳದ ಮಗ್ಗುಲಿಗೆ ಕೃಷ್ಣೆ. ನಡುವೆ ಎರೆಭೂಮಿಯನ್ನು ಸೀಳಿಕೊಂಡು ಹೋಗುವ ಡೋಣಿ. ಮೂರಕ್ಕೂ ತವರು ಮಹಾರಾಷ್ಟ್ರ. ಡೋಣಿಯಂತೂ ಪಕ್ಕದ ಜತ್ತ ತಾಲ್ಲೂಕಿನಲ್ಲೇ ಹುಟ್ಟಿ, ನಮ್ಮ ಜಿಲ್ಲೆಯಲ್ಲಿ ಹರಿದು ಮುಂದೆ ಕೃಷ್ಣೆಗೆ ಕೂಡುತ್ತದೆ. ಕೃಷ್ಣೆ, ಭೀಮೆ ಒಂದಾಗಿ ನಮ್ಮನ್ನು ದಾಟಿದ ಮೇಲೆ ತೆಲಂಗಾಣ, ಆಮೇಲೆ ಆಂಧ್ರ, ಆಮೇಲೆ ಸಮುದ್ರ. ಈ ನಾಲ್ಕು ತಾಲ್ಲೂಕಿನ ರೈತ ತೊಗರಿ ಬಿತ್ತಬೇಕೋ ಕಬ್ಬು ನಾಟಬೇಕೋ, ಲಿಂಬಿ ಗಿಡ ಬೇಸಿಗೆ ದಾಟುತ್ತದೋ ಇಲ್ಲವೋ ಎನ್ನುವುದು ನಾಲ್ಕು ರಾಜ್ಯಗಳ ಒಪ್ಪಿಗೆಯ ಮೇಲೆ ನಿಂತಿದೆ.

ಈಗ ಚಡಚಣ, ಆಲಮೇಲ, ದೇವರ ಹಿಪ್ಪರಗಿ, ತಾಳಿಕೋಟೆ, ನಿಡಗುಂದಿ, ಕೊಲ್ಹಾರ ಎಂದು ಹೊಸ ತಾಲ್ಲೂಕುಗಳಾಗಿವೆ. ಮಾತಿನ ಅನುಕೂಲಕ್ಕೆ ನಾನು ಹಳೆಯ ನಾಲ್ಕು ಹೆಸರುಗಳಲ್ಲೇ ಹೇಳುತ್ತೇನೆ.

ಗಡಿ ಎನ್ನುವುದು ಈ ನೆಲಕ್ಕೆ ಹೊಸದಲ್ಲ. 1948ಕ್ಕೆ ಮೊದಲು ಸಿಂದಗಿಯಿಂದ ಮೂಡಣಕ್ಕೆ ಹೊರಟರೆ ಮುಂಬಯಿ ಪ್ರಾಂತ ಮುಗಿದು ನಿಜಾಮನ ಸಂಸ್ಥಾನ ಶುರುವಾಗುತ್ತಿತ್ತು. ಪಡುವಣಕ್ಕೆ ಹೋದರೆ ಜತ್ತದ ಸಂಸ್ಥಾನ, ಭೀಮೆ ದಾಟಿದರೆ ಅಕ್ಕಲಕೋಟೆಯ ಸಂಸ್ಥಾನ, ಕೃಷ್ಣೆಯ ಮೇಲುಗಡೆ ಜಮಖಂಡಿಯ ಸಂಸ್ಥಾನ. ನಿಜಾಮನ ಗಡಿಯಲ್ಲಿ ಸುಂಕದ ನಾಕೆ ಇರುತ್ತಿತ್ತು. 1948ರ ಮಾರ್ಚ್‌ನಲ್ಲಿ ದಖ್ಖನಿನ ಸಣ್ಣ ಸಂಸ್ಥಾನಗಳು ಮುಂಬಯಿಯಲ್ಲಿ ವಿಲೀನವಾದವು. ಅದೇ ವರ್ಷದ ಸೆಪ್ಟೆಂಬರ್‌ನಲ್ಲಿ ಹೈದರಾಬಾದು ಭಾರತಕ್ಕೆ ಸೇರಿತು. ಫಜಲ್ ಅಲಿ, ಹೃದಯನಾಥ ಕುಂಜ್ರು, ಕೆ.ಎಂ. ಪಣಿಕ್ಕರ್ ಮೂವರಿದ್ದ ರಾಜ್ಯ ಪುನರ್ವಿಂಗಡಣಾ ಆಯೋಗ 1955ರಲ್ಲಿ ವರದಿ ಕೊಟ್ಟಿತು. 1956ರ ನವೆಂಬರ್ 1ರಂದು ಬಿಜಾಪುರ ಜಿಲ್ಲೆ ಮುಂಬಯಿಯನ್ನು ಬಿಟ್ಟು ಮೈಸೂರು ರಾಜ್ಯಕ್ಕೆ ಬಂತು. ಕರ್ನಾಟಕ ಏಕೀಕರಣಕ್ಕೆ ಮೊದಲ ದನಿ ಎತ್ತಿದವರಲ್ಲಿ ಒಬ್ಬರಾದ ಆಲೂರು ವೆಂಕಟರಾಯರು ಹುಟ್ಟಿದ್ದು ಬಿಜಾಪುರದಲ್ಲಿ. ಅವರು ಕಣ್ಣಾರೆ ಆ ದಿನವನ್ನು ಕಂಡರು.

ಒಂದು ಕಡೆ ಕೂಡಿದ್ದು ಇನ್ನೊಂದು ಕಡೆ ಬೇರೆಯಾಯಿತು. ಸೊಲ್ಲಾಪುರ, ಅಕ್ಕಲಕೋಟೆ, ಜತ್ತ, ಮಂಗಳವೇಡೆ ಆಚೆ ಉಳಿದವು. ಬಾಗೇವಾಡಿಯ ಬಸವಣ್ಣನವರು ಬಿಜ್ಜಳನಲ್ಲಿ ಕರಣಿಕರಾಗಿ ಕೆಲಸ ಮಾಡಿದ ಮಂಗಳವೇಡೆ ಇಂದು ಬೇರೆ ರಾಜ್ಯದ ಊರು. ಇಂಡಿ ಭಾಗದವರಿಗೆ ಬೀಗತನ ಸೊಲ್ಲಾಪುರದ ಜೊತೆ, ಪೇಟೆ ಸೊಲ್ಲಾಪುರದ್ದು, ದವಾಖಾನೆ ಸೊಲ್ಲಾಪುರದ್ದು. ಗುಡ್ಡಾಪುರದ ದಾನಮ್ಮನಿಗೆ ನಡೆದು ಹೋಗುವವರು ರಾಜ್ಯದ ಗಡಿಯನ್ನು ಲೆಕ್ಕಕ್ಕೇ ಇಡುವುದಿಲ್ಲ. ಜನರ ಮಟ್ಟದಲ್ಲಿ ನೆರೆಯ ರಾಜ್ಯಗಳು ಯಾವತ್ತೋ ಕೂಡಿಕೊಂಡಿವೆ. ಕೂಡಬೇಕಾದದ್ದು ಸರಕಾರಗಳು.

ಬಿಕ್ಕಟ್ಟು ಎಲ್ಲಿದೆ ಎಂದು ತಿಳಿಯಲು ಕಾನೂನನ್ನು ಸ್ವಲ್ಪ ನೋಡಬೇಕು. ನೀರು ರಾಜ್ಯಗಳ ಪಟ್ಟಿಯ ವಿಷಯ. ಆದರೆ ರಾಜ್ಯ ದಾಟಿ ಹರಿಯುವ ನದಿಯ ಜಗಳ ಬಿಡಿಸಲು ಸಂಸತ್ತು ಕಾಯ್ದೆ ಮಾಡಬಹುದು, ಆ ಜಗಳ ನ್ಯಾಯಾಲಯಗಳಿಗೆ ಹೋಗದಂತೆ ತಡೆಯಲೂಬಹುದು ಎಂದು ಸಂವಿಧಾನದ 262ನೇ ವಿಧಿ ಹೇಳುತ್ತದೆ. ಅದರಂತೆ 1956ರಲ್ಲಿ ಅಂತರರಾಜ್ಯ ಜಲವಿವಾದ ಕಾಯ್ದೆ ಬಂತು. ಜಗಳ ಎದ್ದರೆ ಕೇಂದ್ರ ಸರಕಾರ ನ್ಯಾಯಮಂಡಳಿ ಮಾಡಬೇಕು. ಮಂಡಳಿಯ ತೀರ್ಪು ಕೇಂದ್ರದ ಗೆಜೆಟ್ಟಿನಲ್ಲಿ ಪ್ರಕಟವಾಗಬೇಕು. ಪ್ರಕಟವಾದ ಮೇಲೆ ಅದಕ್ಕೆ ಸುಪ್ರೀಂ ಕೋರ್ಟಿನ ಆಜ್ಞೆಯಷ್ಟೇ ಬಲ. ಗೆಜೆಟ್ ಎಂಬ ಈ ಮಾತನ್ನು ಕೇಳುಗರು ನೆನಪಿಡಬೇಕು, ನಮ್ಮ ನಾಲ್ಕು ತಾಲ್ಲೂಕಿನ ಕಾಲುವೆಗಳು ಇವತ್ತು ಅದರ ಬಾಗಿಲಲ್ಲೇ ನಿಂತಿವೆ.

ಅದೇ 1956ರಲ್ಲಿ ಇನ್ನೊಂದು ಕಾಯ್ದೆಯೂ ಆಗಿತ್ತು, ನದಿ ಮಂಡಳಿಗಳ ಕಾಯ್ದೆ. ಜಗಳ ಹುಟ್ಟುವ ಮೊದಲೇ ನದಿಯ ರಾಜ್ಯಗಳು ಒಟ್ಟಿಗೆ ಕುಳಿತು ಯೋಜನೆ ಮಾಡಲಿ ಎನ್ನುವುದು ಅದರ ಉದ್ದೇಶ. ಆ ಕಾಯ್ದೆಯ ಅಡಿಯಲ್ಲಿ ಇವತ್ತಿನವರೆಗೆ ದೇಶದಲ್ಲಿ ಒಂದು ಮಂಡಳಿಯೂ ಆಗಿಲ್ಲ. ಜಗಳ ಬಿಡಿಸುವ ಕಾಯ್ದೆ ಎಪ್ಪತ್ತು ವರ್ಷ ದುಡಿಯಿತು, ಜಗಳ ತಡೆಯುವ ಕಾಯ್ದೆ ಕಪಾಟಿನಲ್ಲಿ ಉಳಿಯಿತು. ನನ್ನ ಮಟ್ಟಿಗೆ ಇಡೀ ಕೃಷ್ಣೆಯ ಕಥೆ ಇಷ್ಟರಲ್ಲಿದೆ.

ಕೃಷ್ಣೆಗೆ ಮೊದಲ ನ್ಯಾಯಮಂಡಳಿ ಆದದ್ದು 1969ರಲ್ಲಿ, ನ್ಯಾಯಮೂರ್ತಿ ಆರ್.ಎಸ್. ಬಚಾವತರ ಅಧ್ಯಕ್ಷತೆಯಲ್ಲಿ. ನಾಲ್ಕು ವರ್ಷಕ್ಕೆ ಮೂರು ವರ್ಷ ಖಾತ್ರಿಯಾಗಿ ಸಿಗುವ ನೀರು 2,060 ಟಿಎಂಸಿ ಎಂದು ಅವರು ಲೆಕ್ಕ ಹಿಡಿದರು. ಟಿಎಂಸಿ ಎಂದರೆ ನೂರು ಕೋಟಿ ಘನ ಅಡಿ. ಮಹಾರಾಷ್ಟ್ರಕ್ಕೆ 560, ಕರ್ನಾಟಕಕ್ಕೆ 700, ಆಂಧ್ರಕ್ಕೆ 800. ತೀರ್ಪು 1973ರ ಡಿಸೆಂಬರ್‌ನಲ್ಲಿ ಬಂತು, 1976ರ ಮೇ ತಿಂಗಳಲ್ಲಿ ಗೆಜೆಟ್ ಆಯಿತು. ಈ ಲೆಕ್ಕ ಎಲ್ಲರಿಗೂ ಗೊತ್ತು. ಗೊತ್ತಿಲ್ಲದ ಇನ್ನೊಂದು ಭಾಗ ಅದರಲ್ಲಿದೆ. ಬಚಾವತರು ಎರಡು ಯೋಜನೆ ಬರೆದಿದ್ದರು. 'ಎ' ಯೋಜನೆಯಲ್ಲಿ ಹಂಚಿಕೆ. 'ಬಿ' ಯೋಜನೆಯಲ್ಲಿ, ಮಳೆ ಹೆಚ್ಚಾದ ವರ್ಷದ ನೀರನ್ನೂ ಬರದ ವರ್ಷದ ಕೊರತೆಯನ್ನೂ ಮೂವರೂ ಹಂಚಿಕೊಳ್ಳುವುದು, ಅದನ್ನು ನಡೆಸಲು ಕೃಷ್ಣಾ ಕಣಿವೆ ಪ್ರಾಧಿಕಾರ ಎಂಬ ಕಾಯಂ ಸಂಸ್ಥೆ ಕಟ್ಟುವುದು. ಎಲ್ಲ ರಾಜ್ಯಗಳೂ ಒಪ್ಪಬೇಕು, ಇಲ್ಲವೇ ಸಂಸತ್ತು ಕಾಯ್ದೆ ಮಾಡಬೇಕು, ನಾವಾಗಿ ಹೇರಲಾರೆವು ಎಂದರು. ಆಂಧ್ರ ಒಪ್ಪಲಿಲ್ಲ. ಸಂಸತ್ತು ಕೈ ಹಾಕಲಿಲ್ಲ. ಹಂಚಿಕೆ ಜಾರಿಗೆ ಬಂತು, ಕೂಡಿ ನಡೆಸುವ ಸಂಸ್ಥೆ ಬರಲಿಲ್ಲ.

ಆ ಕಾಲದ ರಾಜಕಾರಣಿಗಳಿಗೆ ಕೊಡುವ ಮನಸ್ಸೇ ಇರಲಿಲ್ಲ ಎನ್ನುವಂತಿಲ್ಲ. ಅದೇ 1976ರಲ್ಲಿ ಮದ್ರಾಸ್ ನಗರದ ಕುಡಿಯುವ ನೀರಿಗಾಗಿ ಮೂರೂ ರಾಜ್ಯಗಳು ತಮ್ಮ ಪಾಲಿನಿಂದ ತಲಾ 5 ಟಿಎಂಸಿ ಬಿಟ್ಟುಕೊಡಲು ಒಪ್ಪಿದವು. ಕೃಷ್ಣೆಯ ಕಣಿವೆಗೇ ಸೇರದ ಊರಿಗೆ ಕೃಷ್ಣೆಯ ನೀರು! ಮನಸ್ಸು ಮಾಡಿದರೆ ಒಪ್ಪಂದ ಆಗುತ್ತದೆ ಎನ್ನುವುದಕ್ಕೆ ಇದಕ್ಕಿಂತ ಹೆಚ್ಚಿನ ಸಾಕ್ಷಿ ಬೇಡ.

ಇನ್ನು ಆಲಮಟ್ಟಿ. 1964ರ ಮೇ 22ರಂದು ಲಾಲ್ ಬಹಾದೂರ್ ಶಾಸ್ತ್ರಿಯವರು ಬಾಗೇವಾಡಿ ತಾಲ್ಲೂಕಿನ ಆಲಮಟ್ಟಿಯಲ್ಲಿ ಅಡಿಗಲ್ಲು ಇಟ್ಟರು. ಅಣೆಕಟ್ಟಿನ ಎತ್ತರದ ಬಗ್ಗೆ ಆಂಧ್ರ ತಕರಾರು ತೆಗೆಯಿತು. 2000ದ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟು 519.6 ಮೀಟರಿನವರೆಗೆ ಕಟ್ಟಿ ಎಂದಿತು. 2006ರಲ್ಲಿ ರಾಷ್ಟ್ರಪತಿ ಅಬ್ದುಲ್ ಕಲಾಂ ಅದನ್ನು ನಾಡಿಗೆ ಅರ್ಪಿಸಿದರು. ಅಡಿಗಲ್ಲಿನಿಂದ ಅರ್ಪಣೆಗೆ ನಲವತ್ತೆರಡು ವರ್ಷ. ಅಡಿಗಲ್ಲಿನ ದಿನ ಶಾಲೆಗೆ ಹೋಗುತ್ತಿದ್ದ ಮಕ್ಕಳು ಅಷ್ಟರಲ್ಲಿ ಮೊಮ್ಮಕ್ಕಳನ್ನು ಕಂಡಿದ್ದರು.

ಎರಡನೇ ನ್ಯಾಯಮಂಡಳಿ 2004ರಲ್ಲಿ ಬಂತು, ನ್ಯಾಯಮೂರ್ತಿ ಬ್ರಿಜೇಶ್ ಕುಮಾರ್ ಅಧ್ಯಕ್ಷರು. 2010ರ ಡಿಸೆಂಬರ್‌ನಲ್ಲಿ ತೀರ್ಪು, 2013ರ ನವೆಂಬರ್‌ನಲ್ಲಿ ಅದರ ಮುಂದುವರಿದ ವರದಿ. ಆಲಮಟ್ಟಿಯಲ್ಲಿ 524.256 ಮೀಟರ್ ನೀರು ನಿಲ್ಲಿಸಬಹುದು ಎಂದಿತು. ಕರ್ನಾಟಕಕ್ಕೆ 173 ಟಿಎಂಸಿ ಹೆಚ್ಚುವರಿ ಸಿಕ್ಕಿತು. ಅದರಲ್ಲಿ 130 ಕೃಷ್ಣಾ ಮೇಲ್ದಂಡೆ ಯೋಜನೆಯ ಮೂರನೇ ಹಂತಕ್ಕೆ. ಬಾಗೇವಾಡಿ, ಇಂಡಿ, ಸಿಂದಗಿ ಕಡೆಗೆ ಹೋಗುವ ಮುಳವಾಡ ಏತ ನೀರಾವರಿ, ಮುದ್ದೇಬಿಹಾಳ ಕಡೆಯ ಚಿಮ್ಮಲಗಿ ಏತ ನೀರಾವರಿ, ಇವೆಲ್ಲ ಇದೇ ಹಂತದವು. ಮಂಡಳಿ ಇನ್ನೊಂದು ಮಾತನ್ನೂ ಹೇಳಿತು: ತೀರ್ಪು ಜಾರಿಗೆ ಒಂದು ಅನುಷ್ಠಾನ ಮಂಡಳಿ ಬೇಕು. ಅದಕ್ಕೂ ಮೂವತ್ತೇಳು ವರ್ಷಗಳ ಹಿಂದೆ ಬಚಾವತರು ಕಂಡ ಕೊರತೆಯನ್ನೇ ಇವರೂ ಕಂಡರು.

ಆದರೆ ಆಂಧ್ರ ಸುಪ್ರೀಂ ಕೋರ್ಟಿಗೆ ಹೋಯಿತು. ಮುಂದಿನ ಆದೇಶದವರೆಗೆ ತೀರ್ಪನ್ನು ಗೆಜೆಟ್ಟಿನಲ್ಲಿ ಪ್ರಕಟಿಸಬಾರದು ಎಂದು 2011ರ ಸೆಪ್ಟೆಂಬರ್ 16ರಂದು ಕೋರ್ಟು ಹೇಳಿತು. 2014ರಲ್ಲಿ ಆಂಧ್ರ ಒಡೆದು ತೆಲಂಗಾಣ ಆಯಿತು, ಮೂವರ ಜಗಳ ನಾಲ್ವರದಾಯಿತು. ಆಂಧ್ರ, ತೆಲಂಗಾಣಗಳ ನಡುವಿನ ಹಂಚಿಕೆಗಾಗಿ 2023ರ ಅಕ್ಟೋಬರ್‌ನಲ್ಲಿ ಕೇಂದ್ರ ಅದೇ ಮಂಡಳಿಗೆ ಹೊಸ ಪ್ರಶ್ನೆಗಳನ್ನು ಒಪ್ಪಿಸಿತು. ಗೆಜೆಟ್ ಮಾತ್ರ ಆಗಿಲ್ಲ. ಕಾಲುವೆ ತೋಡಿದ್ದೇವೆ, ಪಂಪು ಕೂಡಿಸಿದ್ದೇವೆ, ಸದ್ಯಕ್ಕೆ ಕೆರೆ ತುಂಬಿಸಿಕೊಳ್ಳುತ್ತಿದ್ದೇವೆ. ಹೊಲಕ್ಕೆ ಹಕ್ಕಿನ ನೀರು ಬರಬೇಕಾದರೆ ಆ ಗೆಜೆಟ್ ಬೇಕು.

ಇಲ್ಲಿ ನೆರೆಯವರ ಅಂಜಿಕೆಯನ್ನೂ ನ್ಯಾಯವಾಗಿ ನೋಡಬೇಕು. 2005, 2019, 2021ರಲ್ಲಿ ಸಾಂಗ್ಲಿ, ಕೊಲ್ಹಾಪುರ ಮುಳುಗಿದವು. ಆಲಮಟ್ಟಿಯ ಹಿನ್ನೀರೇ ಕಾರಣ ಎಂಬ ಮಾತು ಅಲ್ಲಿ ಮನೆಮನೆಗೆ ಹಬ್ಬಿದೆ. ಮಹಾರಾಷ್ಟ್ರ ಸರಕಾರವೇ ನೇಮಿಸಿದ ವಡನೇರೆ ಸಮಿತಿ 2020ರಲ್ಲಿ ಆಲಮಟ್ಟಿ ಕಾರಣವಲ್ಲ ಎಂದು ವರದಿ ಕೊಟ್ಟಿತು. ಆದರೂ ಅಂಜಿಕೆ ಹೋಗಿಲ್ಲ. ಯಾಕೆ ಹೋಗಬೇಕು? ಮನೆಯೊಳಗೆ ನೀರು ಹೊಕ್ಕವರಿಗೆ ವರದಿಯ ಪುಟ ಸಾಕಾಗುವುದಿಲ್ಲ. ಎರಡೂ ಕಡೆಯ ಎಂಜಿನಿಯರುಗಳು ಒಂದೇ ಮೇಜಿಗೆ ಕುಳಿತು, ಒಳಹರಿವು ಹೊರಹರಿವಿನ ಒಂದೇ ಲೆಕ್ಕವನ್ನು ಎರಡೂ ಭಾಷೆಯಲ್ಲಿ ಪ್ರತಿ ದಿನ ಜನರ ಮುಂದೆ ಇಟ್ಟರೆ ಆ ಅಂಜಿಕೆ ಕಡಿಮೆಯಾಗುತ್ತದೆ. 2021ರ ಜೂನ್‌ನಲ್ಲಿ ಮಹಾರಾಷ್ಟ್ರದ ಜಲಸಂಪನ್ಮೂಲ ಸಚಿವ ಜಯಂತ ಪಾಟೀಲರು ಬೆಂಗಳೂರಿಗೆ ಬಂದು ಮುಖ್ಯಮಂತ್ರಿ ಯಡಿಯೂರಪ್ಪನವರ ಜೊತೆ ಪ್ರವಾಹದ ಬಗ್ಗೆ ಮಾತಾಡಿದರು. ಒಳ್ಳೆಯ ಕೆಲಸ. ಇಬ್ಬರೂ ಇಂದು ಆ ಕುರ್ಚಿಯಲ್ಲಿಲ್ಲ. ವ್ಯಕ್ತಿಗಳ ಸೌಜನ್ಯದ ಮೇಲೆ ನಿಂತ ಒಪ್ಪಂದ ಚುನಾವಣೆಯವರೆಗೆ ಬಾಳುತ್ತದೆ, ಕಾನೂನಿನ ಮೇಲೆ ನಿಂತದ್ದು ಚುನಾವಣೆ ದಾಟುತ್ತದೆ.

ಹಿನ್ನೀರಿಗೆ ಜಮೀನು ಕಳೆದುಕೊಳ್ಳುವ ನಮ್ಮವರೇ ಆದ ರೈತರ ಮಾತೂ ಇದೆ. ಮೂರನೇ ಹಂತದ ಮುಳುಗಡೆಗೆ ಎಕರೆಗೆ ನೀರಾವರಿ ಜಮೀನಾದರೆ 40 ಲಕ್ಷ, ಒಣಭೂಮಿಯಾದರೆ 30 ಲಕ್ಷ ರೂಪಾಯಿ ಎಂದು 2025ರ ಸೆಪ್ಟೆಂಬರ್‌ನಲ್ಲಿ ರಾಜ್ಯ ಸಂಪುಟ ತೀರ್ಮಾನಿಸಿತು. ಆ ಹಣ ರೈತರ ಕೈಗೆ ಸೇರುವ ಮೊದಲು ನೀರು ಏರಿಸುವ ಮಾತು ಯಾರೂ ಆಡಬಾರದು.

ಈಗ ಭೀಮೆಯ ದಂಡೆಗೆ ಬರೋಣ. ಇಂಡಿ, ಸಿಂದಗಿಯವರ ಗೋಳು ಬೇರೆ. ಬಚಾವತ್ ತೀರ್ಪಿನಲ್ಲಿ ಭೀಮೆಯ ಮುಖ್ಯ ಹರಿವಿನಿಂದ ಕರ್ನಾಟಕ ವರ್ಷಕ್ಕೆ 15 ಟಿಎಂಸಿಗಿಂತ ಹೆಚ್ಚು ಬಳಸುವಂತಿಲ್ಲ. ಮೇಲೆ ಸೊಲ್ಲಾಪುರ ಜಿಲ್ಲೆಯಲ್ಲಿ ಉಜನಿ ಅಣೆಕಟ್ಟು ಇದೆ, ಅದು 117 ಟಿಎಂಸಿಯ ಕಟ್ಟೆ. ಬೇಸಿಗೆಯಲ್ಲಿ ಅಲ್ಲಿಂದ ನೀರು ಬಿಟ್ಟರೆ ಹೊಳೆ, ಬಿಡದಿದ್ದರೆ ಉಸುಕು. ಮಳೆ ಅತಿಯಾದರೆ ಅದೇ ಉಜನಿಯ ಬಾಗಿಲು ತೆರೆಯುತ್ತದೆ. 2020ರ ಅಕ್ಟೋಬರ್‌ನಲ್ಲಿ, ಮತ್ತೆ 2025ರ ಸೆಪ್ಟೆಂಬರ್‌ನಲ್ಲಿ ಭೀಮೆ ದಂಡೆಯ ಊರುಗಳನ್ನು ಹೊಕ್ಕಳು, ಬೆಳೆದ ಪೈರು ಕೊಳೆತುಹೋಯಿತು. ಒಂದೇ ಹೊಳೆಯಿಂದ ಬರವೂ ಮಹಾಪೂರವೂ ಬರುವುದು ಪ್ರಕೃತಿಯ ಕೆಲಸ ಮಾತ್ರ ಅಲ್ಲ, ಬಾಗಿಲು ಯಾವಾಗ ತೆರೆಯಬೇಕು ಎಂಬ ತೀರ್ಮಾನದಲ್ಲಿ ಕೆಳಗಿನವರಿಗೆ ಜಾಗ ಇಲ್ಲದ್ದರ ಫಲ.

ಆದರೆ ಇದೇ ಭೀಮೆಯ ಮೇಲೆ ಇನ್ನೊಂದು ನೋಟವೂ ಇದೆ. ಗಡಿಯುದ್ದಕ್ಕೂ ಗೋವಿಂದಪುರ, ಉಮರಾಣಿ, ಹಿಂಗಣಿ ಮುಂತಾದ ಕಡೆ ಎರಡೂ ರಾಜ್ಯ ಸೇರಿ ಕಟ್ಟಿದ ಬಾಂದಾರಗಳಿವೆ. ಕೆಲವನ್ನು ನಾವು ನೋಡಿಕೊಳ್ಳುತ್ತೇವೆ, ಕೆಲವನ್ನು ಅವರು. ಬಾಂದಾರದ ಈಚೆಯ ರೈತನೂ ಆಚೆಯ ರೈತನೂ ಒಂದೇ ನೀರಿಗೆ ಮೋಟರು ಕೂಡಿಸುತ್ತಾನೆ. ಬಾಂದಾರದ ಮೇಲೆಯೇ ಎತ್ತಿನ ಗಾಡಿ, ಮೋಟರ್ ಸೈಕಲ್ಲು ಆ ದಂಡೆಗೆ ಹೋಗುತ್ತವೆ. ದೊಡ್ಡ ಅಣೆಕಟ್ಟಿನಲ್ಲಿ ಆಗದ್ದು ಸಣ್ಣ ಬಾಂದಾರದಲ್ಲಿ ಆಗಿದೆ.

ಜತ್ತದ ವಿಷಯ ಹೇಳದೆ ಮುಂದೆ ಹೋಗಲಾರೆ. ಗಡಿ ವಿವಾದದ ಬಗ್ಗೆ 1967ರಲ್ಲಿ ಬಂದ ಮಹಾಜನ ಆಯೋಗದ ವರದಿ ಅಕ್ಕಲಕೋಟೆ ತಾಲ್ಲೂಕು, ದಕ್ಷಿಣ ಸೊಲ್ಲಾಪುರ ಮತ್ತು ಜತ್ತದ ಅನೇಕ ಹಳ್ಳಿಗಳು ಕರ್ನಾಟಕಕ್ಕೆ ಸೇರಬೇಕೆಂದಿತು. ವರದಿ ಜಾರಿಯಾಗಲಿಲ್ಲ. ಮಹಾರಾಷ್ಟ್ರ 2004ರಲ್ಲಿ ಗಡಿಯ ದಾವೆಯನ್ನು ಸುಪ್ರೀಂ ಕೋರ್ಟಿಗೆ ಒಯ್ದಿತು. 2022ರ ನವೆಂಬರ್‌ನಲ್ಲಿ ಜತ್ತದ ಹಳ್ಳಿಗಳ ಮಾತು ಮತ್ತೆ ಎದ್ದಿತು. ತುಬಚಿ–ಬಬಲೇಶ್ವರ ಏತ ನೀರಾವರಿಯ ನೀರು ಆಗ ಗಡಿ ದಾಟಿ ಜತ್ತದ ತಿಕ್ಕುಂಡಿ ಕೆರೆಗೆ ಹೋಯಿತು. ಅಲ್ಲಿಯ ಜನ ಹರ್ಷಪಟ್ಟರು. ಮಹಾರಾಷ್ಟ್ರ ತಾನೂ ಮೈಸಾಳ ನೀರಾವರಿ ಯೋಜನೆಯ ವಿಸ್ತರಣೆಗೆ ಮುಂದಾಯಿತು. ಡಿಸೆಂಬರ್ 14ರಂದು ಗೃಹಸಚಿವ ಅಮಿತ್ ಶಾ ಇಬ್ಬರು ಮುಖ್ಯಮಂತ್ರಿಗಳನ್ನು ದಿಲ್ಲಿಗೆ ಕರೆಸಿ, ಎರಡೂ ಕಡೆಯಿಂದ ತಲಾ ಮೂವರು ಮಂತ್ರಿಗಳು ಕುಳಿತು ಮಾತಾಡಲಿ ಎಂದರು. ನೀರಡಿಸಿದ ಕನ್ನಡದ ಹಳ್ಳಿಗೆ ನೀರು ಹೋಗಲೇಬೇಕು. ಆ ನೀರನ್ನು ಗಡಿಯ ವಾದಕ್ಕೆ ಸಾಕ್ಷಿಯಾಗಿ ನಿಲ್ಲಿಸಿದರೆ ನೀರೂ ನಿಲ್ಲುತ್ತದೆ, ಗಡಿಯೂ ಇತ್ಯರ್ಥವಾಗುವುದಿಲ್ಲ. ಜತ್ತಕ್ಕೆ ನಾವು ಮಳೆಗಾಲದಲ್ಲಿ ಕೊಡುವುದು, ಕೊಯ್ನಾ ಅಣೆಕಟ್ಟಿನಿಂದ, ಉಜನಿಯಿಂದ ಅವರು ನಮಗೆ ಬೇಸಿಗೆಯಲ್ಲಿ ಕೊಡುವುದು, ಈ ವಿನಿಮಯದ ಮಾತು ವರ್ಷಗಳಿಂದ ಕೇಳುತ್ತಿದ್ದೇವೆ. ಇದೊಂದು ಬರಹದ ಒಪ್ಪಂದವಾದರೆ ಇಂಡಿಗೂ ಜತ್ತಕ್ಕೂ ಅದಕ್ಕಿಂತ ದೊಡ್ಡ ಉಪಕಾರ ಬೇರೆ ಇಲ್ಲ.

ಹಾಗಾದರೆ ನೆರೆಯ ರಾಜ್ಯಗಳು ಕೂಡಿ ಕೂಡ್ರುವ ಜಾಗ ಯಾವುದು? 1956ರ ಪುನರ್ವಿಂಗಡಣಾ ಕಾಯ್ದೆಯಲ್ಲಿ ವಲಯ ಪರಿಷತ್ತುಗಳಿವೆ. ಗಡಿ ತಂಟೆ, ಭಾಷಾ ಅಲ್ಪಸಂಖ್ಯಾತರು, ಸಾರಿಗೆ ಎಲ್ಲವನ್ನೂ ಅಲ್ಲಿ ಚರ್ಚಿಸಬಹುದು. ಕರ್ನಾಟಕ ದಕ್ಷಿಣ ವಲಯದಲ್ಲಿದೆ, ಮಹಾರಾಷ್ಟ್ರ ಪಶ್ಚಿಮ ವಲಯದಲ್ಲಿದೆ. ಅತಿ ಹೆಚ್ಚು ತಕರಾರಿರುವ ಇಬ್ಬರು ನೆರೆಯವರು ಒಂದೇ ಸಭೆಯಲ್ಲಿ ಇಲ್ಲ. ಎರಡು ವಲಯಗಳ ಜಂಟಿ ಸಭೆಗೂ ಕಾಯ್ದೆಯಲ್ಲಿ ಅವಕಾಶವಿದೆ, ಅದನ್ನು ಬಳಸಬೇಕು. ಸಂವಿಧಾನದ 263ನೇ ವಿಧಿಯಂತೆ ಅಂತರರಾಜ್ಯ ಪರಿಷತ್ತು 1990ರಲ್ಲಿ ಆಯಿತು, ಅದು ಸೇರುವುದೇ ಅಪರೂಪ.

ಹೊರಗಿನ ಜಗತ್ತಿನಲ್ಲಿ ಎರಡು ದಾರಿ ಕಾಣುತ್ತವೆ. ಎರಡು ಮಹಾಯುದ್ಧಗಳಲ್ಲಿ ಬಡಿದಾಡಿದ ಫ್ರಾನ್ಸ್, ಜರ್ಮನಿ ಇನ್ನೂ ನಾಲ್ಕು ದೇಶಗಳೊಡನೆ 1951ರಲ್ಲಿ ಕಲ್ಲಿದ್ದಲು, ಉಕ್ಕು ಎರಡನ್ನೂ ಒಂದು ಮೇಲಧಿಕಾರ ಮಂಡಳಿಗೆ ಒಪ್ಪಿಸಿದವು. ಜಗಳ ಎಲ್ಲಿತ್ತೋ ಅಲ್ಲೇ ಸಂಸ್ಥೆ ಕಟ್ಟಿದರು. ಯುರೋಪಿನ ಇಂದಿನ ಒಕ್ಕೂಟ ಬೆಳೆದದ್ದು ಅದರಿಂದ. ನಮ್ಮ ಸಾರ್ಕ್ 1985ರಲ್ಲಿ ಢಾಕಾದಲ್ಲಿ ಹುಟ್ಟಿತು, ಅದರ ಎರಡನೇ ಶೃಂಗಸಭೆ 1986ರಲ್ಲಿ ಬೆಂಗಳೂರಿನಲ್ಲೇ ನಡೆಯಿತು. ಇಬ್ಬರ ನಡುವಿನ ತಕರಾರನ್ನು ಸಭೆಗೆ ತರಬಾರದು ಎಂದು ಅದರ ಸನ್ನದೇ ಹೇಳುತ್ತದೆ. ಜಗಳವನ್ನು ಹೊರಗಿಟ್ಟು ಕಟ್ಟಿದ ಮನೆಯಲ್ಲಿ 2014ರ ಕಾಠ್ಮಂಡುವಿನ ನಂತರ ಶೃಂಗಸಭೆಯೇ ಆಗಿಲ್ಲ.

ಅಷ್ಟು ದೂರ ಹೋಗುವುದೂ ಬೇಡ. ನಮ್ಮ ಮುದ್ದೇಬಿಹಾಳ ತಾಲ್ಲೂಕಿನ ತಂಗಡಗಿಯ ಸುತ್ತಲ ನೆಲದಲ್ಲಿ, ಕೃಷ್ಣೆಯ ದಂಡೆಯಲ್ಲಿ, 1565ರಲ್ಲಿ ದಖ್ಖನಿನ ಸುಲ್ತಾನರು ವಿಜಯನಗರದ ವಿರುದ್ಧ ಒಂದಾಗಿ ಗೆದ್ದರು. ಗೆದ್ದ ಮೇಲೆ ಆ ಕೂಟ ಉಳಿಯಲಿಲ್ಲ, ಮತ್ತೆ ತಮ್ಮತಮ್ಮಲ್ಲೇ ಕಾದಾಡಿದರು. ಇನ್ನೊಬ್ಬರ ವಿರುದ್ಧ ಕೂಡುವುದು ಸುಲಭ, ಒಂದು ಕೆಲಸಕ್ಕಾಗಿ ಕೂಡಿ ಉಳಿಯುವುದು ಕಷ್ಟ. ಹಾಗೆ ಉಳಿದ ಒಂದು ಸಂಸ್ಥೆ ನಮ್ಮಲ್ಲೇ ಇದೆ: ಹೊಸಪೇಟೆಯ ತುಂಗಭದ್ರಾ ಮಂಡಳಿ. ಆಂಧ್ರ ರಾಜ್ಯ ಕಾಯ್ದೆಯಂತೆ 1953ರಲ್ಲಿ ಆದದ್ದು. ಕೇಂದ್ರದ ಅಧ್ಯಕ್ಷರು, ರಾಜ್ಯಗಳ ಪ್ರತಿನಿಧಿಗಳು, ಹಂಚಿಕೊಂಡ ಖರ್ಚು. 2024ರ ಆಗಸ್ಟ್ 10ರ ರಾತ್ರಿ ಅಲ್ಲಿಯ 19ನೇ ಕ್ರೆಸ್ಟ್ ಗೇಟು ಕೊಚ್ಚಿ ಹೋಯಿತು. ನಿರ್ವಹಣೆಯ ಲೋಪದ ಪ್ರಶ್ನೆ ಎದ್ದದ್ದು ಸರಿಯೇ. ಆದರೆ ರಾಜ್ಯಗಳು ಒಬ್ಬರ ಮೇಲೊಬ್ಬರು ದಾವೆ ಹೂಡಲಿಲ್ಲ. ಗೇಟು ತಜ್ಞ ಕನ್ನಯ್ಯ ನಾಯ್ಡು ಅವರನ್ನು ಕರೆತಂದು, ಹರಿಯುವ ನೀರಿನಲ್ಲೇ ತಡೆ ಹಲಗೆ ಇಳಿಸಿ, ಸುಮಾರು ಒಂದು ವಾರದಲ್ಲಿ ಹರಿವು ನಿಲ್ಲಿಸಿದರು. ಕೂಡಿ ಕೂಡ್ರುವ ಮೇಜು ಮೊದಲೇ ಇದ್ದುದರಿಂದ ಇದು ಆಯಿತು. ಜಿಎಸ್‌ಟಿ ಪರಿಷತ್ತಿನಲ್ಲಿ ತೆರಿಗೆಯಂಥ ತಕರಾರಿನ ವಿಷಯಕ್ಕೇ 2016ರಿಂದ ರಾಜ್ಯಗಳೆಲ್ಲ ಕೂಡುತ್ತಿವೆ. ತೆರಿಗೆಗೆ ಆಗುವುದು ನೀರಿಗೆ ಯಾಕೆ ಆಗಬಾರದು?

ಕೃಷ್ಣಾ ನದಿ ನಿರ್ವಹಣಾ ಮಂಡಳಿ ಎಂದು 2014ರಲ್ಲಿ ಒಂದು ಆಗಿದೆ. ಅದು ಆಂಧ್ರ, ತೆಲಂಗಾಣ ಇಬ್ಬರದೇ. ಹೊಳೆ ಹುಟ್ಟುವ ಮಹಾರಾಷ್ಟ್ರ, ಆಲಮಟ್ಟಿ ಇರುವ ಕರ್ನಾಟಕ ಅದರಲ್ಲಿಲ್ಲ. ನಾಲ್ಕೂ ರಾಜ್ಯಗಳಿರುವ, ಭೀಮೆಯನ್ನೂ ಒಳಗೊಂಡ ಒಂದು ಕಣಿವೆ ಪ್ರಾಧಿಕಾರವನ್ನು ಸಂಸತ್ತು ಕಾಯ್ದೆಯಿಂದಲೇ ಮಾಡಬೇಕು. ಬಚಾವತರು ಆ ಬಾಗಿಲನ್ನು ತೆರೆದೇ ಇಟ್ಟು ಹೋಗಿದ್ದಾರೆ. ಉಜನಿ, ಕೊಯ್ನಾ, ಆಲಮಟ್ಟಿ, ನಾರಾಯಣಪುರ, ಶ್ರೀಶೈಲಗಳ ಲೆಕ್ಕ ಒಂದೇ ಕಡೆ ಸಿಗಬೇಕು. ಅದಕ್ಕೆ ಮೊದಲು ಬ್ರಿಜೇಶ್ ಕುಮಾರ್ ತೀರ್ಪು ಗೆಜೆಟ್ ಆಗಬೇಕು.

ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿಯ ಕೇಳುಗರಲ್ಲಿ ನನ್ನದೊಂದು ವಿನಂತಿ. ವಿಧಾನಸಭೆಗಾಗಲಿ ಲೋಕಸಭೆಗಾಗಲಿ ಮತ ಕೇಳಲು ಬಂದವರನ್ನು, ಯಾವ ಪಕ್ಷದವರೇ ಇರಲಿ, ಕಾಲುವೆ ಯಾವಾಗ ಎಂದು ಕೇಳಿ ಬಿಟ್ಟುಬಿಡಬೇಡಿರಿ. ಗೆಜೆಟ್‌ಗಾಗಿ ದಿಲ್ಲಿಯಲ್ಲಿ ಏನು ಮಾಡಿದಿರಿ, ಸೊಲ್ಲಾಪುರದ, ಸಾಂಗ್ಲಿಯ ಜನಪ್ರತಿನಿಧಿಗಳ ಜೊತೆ ಎಷ್ಟು ಸಲ ಕುಳಿತು ಮಾತಾಡಿದಿರಿ, ಕಣಿವೆ ಪ್ರಾಧಿಕಾರಕ್ಕೆ ಸಂಸತ್ತಿನಲ್ಲಿ ದನಿ ಎತ್ತುತ್ತೀರಾ ಎಂದು ಕೇಳಿರಿ. ಆಚೆ ದಂಡೆಯಲ್ಲಿರುವ ನಿಮ್ಮ ಬೀಗರಿಗೂ ಅವರ ಕಡೆಯ ನಾಯಕರನ್ನು ಇದೇ ಮಾತು ಕೇಳಲು ಹೇಳಿರಿ.